ಕೈಸಾಲದಿಂದ ಶುರುವಾದ ಹುದ್ದೆ: ವರ್ಜೀನಿಯಾದ ಅಧ್ಯಕ್ಷರ ಮನೆಗಳಲ್ಲಿ ಆರು ದಿನ

1789ರ ಮಾರ್ಚ್ ಮೊದಲ ವಾರ. ಅಮೆರಿಕದ ಮೊದಲ ಅಧ್ಯಕ್ಷರಾಗಲು ಹೊರಟಿದ್ದ ಜಾರ್ಜ್ ವಾಷಿಂಗ್ಟನ್, ಅಲೆಕ್ಸಾಂಡ್ರಿಯಾದ ರಿಚರ್ಡ್ ಕಾನ್ವೇ ಎಂಬುವರಿಗೆ ಪತ್ರ ಬರೆದು 500 ಪೌಂಡ್ ಸಾಲ ಕೇಳಿದರು. ಜಮೀನು ಸಾವಿರಾರು ಎಕರೆ ಇತ್ತು, ಕೈಯಲ್ಲಿ ಕಾಸಿರಲಿಲ್ಲ. ಊರು ಬಿಡುವ ಮುಂಚೆ ಹಳೆ ಬಾಕಿ ತೀರಿಸಬೇಕಿತ್ತು. ಎರಡು ದಿನಕ್ಕೆ ಇನ್ನೊಂದು ಪತ್ರ: ನ್ಯೂಯಾರ್ಕಿನವರೆಗಿನ ದಾರಿಖರ್ಚಿಗೆ ಮತ್ತೆ 100 ಪೌಂಡ್ ಬೇಕು.

ಮೊದಲ ಐವರು ಅಧ್ಯಕ್ಷರಲ್ಲಿ ನಾಲ್ವರು ವರ್ಜೀನಿಯಾದವರು. ಅವರಲ್ಲಿ ಮೂವರು ಅಧಿಕಾರ ಬಿಟ್ಟ ಮೇಲೆ ಸಾಲದ ಕೆಳಗೆ ಸಿಕ್ಕಿಕೊಂಡರು. ಮಾಜಿ ಅಧ್ಯಕ್ಷರಿಗೆ ಪಿಂಚಣಿ ಕೊಡುವ ಕಾನೂನು ಬಂದದ್ದು 1958ರಲ್ಲಿ. ಅಲ್ಲಿಯವರೆಗೆ ಶ್ವೇತಭವನದಿಂದ ಹೊರಬಿದ್ದವರ ಪಾಡು ಅವರವರದೇ. ಅಧ್ಯಕ್ಷರ ಬಗ್ಗೆ ರಸಪ್ರಶ್ನೆಗಳಲ್ಲಿ ಕೇಳುವ ಸಂಗತಿಗಳು ಎಲ್ಲರಿಗೂ ಗೊತ್ತು: ಯಾರು ಎತ್ತರ, ಯಾರು ಕುಳ್ಳು, ಯಾರ ಹಲ್ಲು ಮರದ್ದು. ಆದರೆ ಅವರ ಮನೆಗಳನ್ನು ಒಂದಾದ ಮೇಲೊಂದು ನೋಡುತ್ತಾ ಹೋದರೆ ಇಂಥ ಪ್ರತಿಯೊಂದು ಸಂಗತಿಯ ಹಿಂದೆಯೂ ಒಂದು ಬಿಲ್ಲು ಕಾಣುತ್ತದೆ. ಈ ಆರು ದಿನದ ದಾರಿ ಆ ಬಿಲ್ಲುಗಳದ್ದು.

ಹೊರಡುವ ಮುಂಚೆ ನಾಲ್ಕು ಮಾತು. ಒಟ್ಟು ಓಡಾಟ ಸುಮಾರು 450ರಿಂದ 500 ಮೈಲಿ. ನಾಲ್ಕನೇ ಅಧ್ಯಕ್ಷ ಮ್ಯಾಡಿಸನ್ನರ ಮನೆ ಮಾಂಟ್‌ಪೀಲಿಯರ್ ವಾರದ ಎಲ್ಲ ದಿನ ತೆರೆದಿರುವುದಿಲ್ಲ. ಮೊದಲು ಅದರ ತಾರೀಖು ಗಟ್ಟಿ ಮಾಡಿಕೊಂಡು ಉಳಿದ ದಿನಗಳನ್ನು ಅದರ ಹಿಂದೆ ಮುಂದೆ ಜೋಡಿಸಿ. ಉಲ್ಟಾ ಮಾಡಿದವರು ಬಾಗಿಲು ನೋಡಿ ವಾಪಸು ಬರುತ್ತಾರೆ. ವಾಷಿಂಗ್ಟನ್ನರ ಮನೆ ಮೌಂಟ್ ವರ್ನನ್ ಮತ್ತು ಮೂರನೇ ಅಧ್ಯಕ್ಷ ಥಾಮಸ್ ಜೆಫರ್ಸನ್ನರ ಮನೆ ಮಾಂಟಿಚೆಲ್ಲೊ, ಎರಡರ ಟಿಕೆಟ್ಟಿನಲ್ಲೂ ಒಳಗೆ ಬಿಡುವ ಹೊತ್ತು ನಮೂದಾಗಿರುತ್ತದೆ. ಏಪ್ರಿಲ್‌ನಿಂದ ಅಕ್ಟೋಬರ್‌ವರೆಗಿನ ಶನಿವಾರ ಭಾನುವಾರಗಳಿಗೆ ಮುಂಚೆಯೇ ಕೊಂಡಿಟ್ಟುಕೊಳ್ಳಿ. ಕಾರು ಎರಡನೇ ದಿನದಿಂದ ಸಾಕು. ಇನ್ನೊಂದು ಮುಖ್ಯ ವಿಷಯ: ವರ್ಜೀನಿಯಾದಲ್ಲಿ ಗಂಟೆಗೆ 85 ಮೈಲಿ ದಾಟಿದರೆ, ಇಲ್ಲವೇ ಮಿತಿಗಿಂತ 20 ಮೈಲಿ ಹೆಚ್ಚು ಓಡಿಸಿದರೆ ಅದು ಬರೀ ದಂಡ ಕಟ್ಟಿ ಮುಗಿಯುವ ವಿಷಯವಲ್ಲ, ‘ರೆಕ್‌ಲೆಸ್ ಡ್ರೈವಿಂಗ್’ ಎಂಬ ಕ್ರಿಮಿನಲ್ ಕೇಸು. ವೀಸಾದ ಮೇಲಿರುವವರು ಇದನ್ನು ಎರಡು ಸಲ ಓದಿಕೊಳ್ಳಿ.

ಮೊದಲ ದಿನ: ವಾಷಿಂಗ್ಟನ್ ಡಿ.ಸಿ.

ಊರೊಳಗೆ ಕಾರು ತರಬೇಡಿ. ಮೆಟ್ರೋ ಸೆಂಟರ್ ನಿಲ್ದಾಣದಲ್ಲಿ ಇಳಿದರೆ ಹತ್ತನೇ ಬೀದಿಯ ಫೋರ್ಡ್ಸ್ ಥಿಯೇಟರಿಗೆ ನಡೆದೇ ಹೋಗಬಹುದು. 1865ರ ಏಪ್ರಿಲ್ 14ರ ಶುಕ್ರವಾರ ರಾತ್ರಿ ಅಬ್ರಹಾಂ ಲಿಂಕನ್ನರಿಗೆ ಗುಂಡು ತಗುಲಿದ್ದು ಇಲ್ಲಿ. ನೆಲಮಾಳಿಗೆಯ ವಸ್ತುಸಂಗ್ರಹಾಲಯದಲ್ಲಿ ಆ ಪಿಸ್ತೂಲೇ ಇದೆ: .44 ಕ್ಯಾಲಿಬರಿನ ಡೆರಿಂಜರ್, ಒಂದೇ ಗುಂಡು ಹಿಡಿಯುವಂಥದ್ದು, ಅಂಗೈಯಲ್ಲಿ ಮುಚ್ಚಿಟ್ಟುಕೊಳ್ಳುವಷ್ಟು ಚಿಕ್ಕದು. ಥಿಯೇಟರಿನ ಕಟ್ಟಡ ಮಾತ್ರ ಅಂದಿನಂತೆಯೇ ಉಳಿದು ಬಂದದ್ದಲ್ಲ. ಆಮೇಲೆ ಸರಕಾರ ಇದನ್ನು ಕಚೇರಿಯಾಗಿ ಬಳಸಿಕೊಂಡಿತು. 1893ರಲ್ಲಿ ಒಳಭಾಗ ಕುಸಿದು 22 ಮಂದಿ ಗುಮಾಸ್ತರು ಸತ್ತರು. ಇಂದು ಕಾಣುವ ಬಾಲ್ಕನಿ, ಪರದೆ, ಕುರ್ಚಿ ಎಲ್ಲ 1968ರಲ್ಲಿ ಮತ್ತೆ ತೆರೆಯುವ ಹೊತ್ತಿಗೆ ಹಳೆಯದರಂತೆ ಕಟ್ಟಿದ್ದು.

ಎದುರು ಬದಿಯ ಪೀಟರ್ಸನ್ ಮನೆಗೂ ಅದೇ ಟಿಕೆಟ್. ಲಿಂಕನ್ 6 ಅಡಿ 4 ಅಂಗುಲದವರು. ಮಂಚ ಸಾಲದೆ ಓರೆಯಾಗಿ ಮಲಗಿಸಿದರು. ಮರುದಿನ ಬೆಳಗ್ಗೆ 7.22ಕ್ಕೆ ಪ್ರಾಣ ಹೋಯಿತು. ಕೋಣೆಯಲ್ಲಿರುವ ಮಂಚ ನಕಲು. ಅಸಲಿ ಮಂಚ ಶಿಕಾಗೊ ಇತಿಹಾಸ ಸಂಗ್ರಹಾಲಯದಲ್ಲಿದೆ.

ಆ ರಾತ್ರಿ ಅವರ ಜೇಬಿನಲ್ಲಿದ್ದ ವಸ್ತುಗಳು ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿವೆ. ಎರಡು ಕನ್ನಡಕ, ಅದರಲ್ಲೊಂದರ ಕಡ್ಡಿ ಸಡಿಲಾಗಿ ದಾರ ಸುತ್ತಿ ಬಿಗಿದದ್ದು. ಒಂದು ಚಾಕು, ಒಂದು ಲಿನನ್ ಕರವಸ್ತ್ರ, ತಮ್ಮನ್ನು ಹೊಗಳಿದ ಕೆಲವು ಪತ್ರಿಕಾ ತುಣುಕುಗಳು. ಕಂದು ಚರ್ಮದ ಪರ್ಸಿನಲ್ಲಿ ಇದ್ದದ್ದು ಒಂದೇ ನೋಟು, ಅದೂ ಶತ್ರು ಪಕ್ಷದ್ದು: ಅಂತರ್ಯುದ್ಧದಲ್ಲಿ ಬೇರೆಯಾಗಿ ನಿಂತ ದಕ್ಷಿಣದ ಕಾನ್‌ಫೆಡರೇಟ್ ಸರಕಾರದ ಐದು ಡಾಲರ್. ಯುದ್ಧ ಸೋತ ಮೇಲೆ ಅದಕ್ಕೆ ಕವಡೆ ಕಿಮ್ಮತ್ತಿರಲಿಲ್ಲ. ಇಂದು ಅಮೆರಿಕದ ಐದು ಡಾಲರ್ ನೋಟಿನ ಮೇಲಿರುವುದು ಲಿಂಕನ್ನರ ಮುಖವೇ. ಆ ಪೆಟ್ಟಿಗೆಯನ್ನು ಮೊಮ್ಮಗಳು 1937ರಲ್ಲಿ ಲೈಬ್ರರಿಗೆ ಕೊಟ್ಟರು. ಸಾರ್ವಜನಿಕರ ಕಣ್ಣಿಗೆ ಬಿದ್ದದ್ದು 1976ರಲ್ಲಿ.

ಮಧ್ಯಾಹ್ನಕ್ಕೆ ನಡಿಗೆಯ ದೂರದಲ್ಲೇ ಇರುವ ರಾಷ್ಟ್ರೀಯ ಭಾವಚಿತ್ರ ಗ್ಯಾಲರಿ. ಪ್ರವೇಶ ಉಚಿತ, ಬಾಗಿಲು ತೆರೆಯುವುದು 11.30ಕ್ಕೆ, ಸಂಜೆ 7ರವರೆಗೆ. ಹಾಗಾಗಿ ಬೆಳಗ್ಗೆ ಥಿಯೇಟರು, ಆಮೇಲೆ ಗ್ಯಾಲರಿ ಎಂಬ ಕ್ರಮವೇ ಸರಿ. ಗಿಲ್ಬರ್ಟ್ ಸ್ಟುವರ್ಟ್ ಬರೆದ ವಾಷಿಂಗ್ಟನ್ನರ ಪೂರ್ಣಾಕೃತಿ ಚಿತ್ರದ ಮುಂದೆ ನಿಂತು ಎರಡು ವಿಷಯ ಗಮನಿಸಿ. ಒಂದು, ಬಿಗಿದ ತುಟಿ. ಕಾರಣ ನಾಳೆ ಸಿಗುತ್ತದೆ. ಎರಡು, ಮೇಜಿನ ಕಾಲಿಗೆ ಒರಗಿಸಿದ ಪುಸ್ತಕಗಳು. ಇದೇ ಚಿತ್ರದ ಇನ್ನೊಂದು ಪ್ರತಿ ಶ್ವೇತಭವನದಲ್ಲಿದೆ. ಅದರ ಒಂದು ಪುಸ್ತಕದ ಬೆನ್ನಿನ ಮೇಲೆ ‘ಯುನೈಟೆಡ್ ಸ್ಟೇಟ್ಸ್’ ಎಂಬುದು ಒಂದು ಅಕ್ಷರ ಕಳೆದುಕೊಂಡು ‘ಯುನೈಟೆಡ್ ಸೇಟ್ಸ್’ ಆಗಿದೆ. 1814ರಲ್ಲಿ ಬ್ರಿಟಿಷರು ಭವನಕ್ಕೆ ಬೆಂಕಿಯಿಟ್ಟಾಗ ಉಳಿಸಿಕೊಂಡದ್ದು ಆ ಕಾಗುಣಿತದೋಷದ ಚಿತ್ರವನ್ನೇ.

ಶ್ವೇತಭವನದ ಒಳಗೆ ಹೋಗಬೇಕೆನ್ನುವವರು ವಾರಗಟ್ಟಲೆ ಮುಂಚೆ ತಮ್ಮ ಸಂಸದರ ಕಚೇರಿಯ ಮೂಲಕ ಕೋರಿಕೆ ಸಲ್ಲಿಸಬೇಕು, ಸಿಗುವುದು ಖಾತ್ರಿಯಿಲ್ಲ. ಪ್ರವಾಸದ ಯೋಜನೆಯನ್ನು ಅದರ ಮೇಲೆ ನಿಲ್ಲಿಸಬೇಡಿ. ಹೊರಗಿನಿಂದ ನೋಡುವಾಗ ನೆನಪಿಟ್ಟುಕೊಳ್ಳಲು ಒಂದಷ್ಟು: ವಾಷಿಂಗ್ಟನ್ ಇಲ್ಲಿ ಒಂದು ರಾತ್ರಿಯೂ ಕಳೆಯಲಿಲ್ಲ. ಮೊದಲು ಕಾಲಿಟ್ಟವರು ಎರಡನೇ ಅಧ್ಯಕ್ಷ ಜಾನ್ ಆಡಮ್ಸ್, 1800ರ ನವೆಂಬರ್ 1ರಂದು. ಕಟ್ಟಡ ಅರ್ಧಂಬರ್ಧ ಆಗಿತ್ತು, ಪತ್ನಿ ಅಬಿಗೇಲ್ ಈಸ್ಟ್ ರೂಮಿನಲ್ಲಿ ಒಗೆದ ಬಟ್ಟೆ ಒಣಹಾಕಿಸುತ್ತಿದ್ದರು. ಅಧ್ಯಕ್ಷರ ಸಂಬಳ 1789ರಲ್ಲಿ ವರ್ಷಕ್ಕೆ 25,000 ಡಾಲರ್; 1873ರವರೆಗೆ ಒಂದು ಡಾಲರೂ ಏರಲಿಲ್ಲ. ಆಮೇಲೆ 50,000, 1909ರಲ್ಲಿ 75,000, 1949ರಲ್ಲಿ 1 ಲಕ್ಷ, 1969ರಲ್ಲಿ 2 ಲಕ್ಷ, 2001ರಿಂದ 4 ಲಕ್ಷ. ಬಾಡಿಗೆಯಿಲ್ಲ, ನಿಜ. ಆದರೆ ಮನೆಮಂದಿಯ ಊಟ, ಟೂತ್‌ಪೇಸ್ಟ್, ಡ್ರೈಕ್ಲೀನಿಂಗ್ ಬಿಲ್ಲು ಇಂದಿಗೂ ಅಧ್ಯಕ್ಷರ ಜೇಬಿನಿಂದಲೇ ಹೋಗಬೇಕು. ಸರಕಾರ ಭರಿಸುವುದು ಅಧಿಕೃತ ಔತಣಗಳನ್ನು ಮಾತ್ರ.

ಎರಡನೇ ದಿನ: ಮೌಂಟ್ ವರ್ನನ್

ಪೊಟೊಮ್ಯಾಕ್ ನದಿಯ ದಂಡೆ ಹಿಡಿದು ಜಾರ್ಜ್ ವಾಷಿಂಗ್ಟನ್ ಪಾರ್ಕ್‌ವೇಯಲ್ಲಿ ದಕ್ಷಿಣಕ್ಕೆ ಹೋದರೆ ರಸ್ತೆ ನೇರ ಮೌಂಟ್ ವರ್ನನ್ ಗೇಟಿಗೆ ಮುಗಿಯುತ್ತದೆ. ರಾಜಧಾನಿಯಿಂದ ಸುಮಾರು 16 ಮೈಲಿ. ಪಾರ್ಕಿಂಗ್‌ಗೆ ದುಡ್ಡಿಲ್ಲ. ಗೇಟಿನಿಂದ ಮನೆಗೆ ಸಾಕಷ್ಟು ನಡಿಗೆ ಇದೆ; ಟಿಕೆಟ್ಟಿನ ಹೊತ್ತಿಗೆ ಗೇಟಿನಲ್ಲಿದ್ದರೆ ತಡವಾಯಿತೆಂದೇ ಅರ್ಥ. ಅರ್ಧ ಗಂಟೆ ಮುಂಚೆ ಬನ್ನಿ. ಮನೆಯ ದುರಸ್ತಿ ಇತ್ತೀಚಿನ ವರ್ಷಗಳಲ್ಲಿ ಹಂತಹಂತವಾಗಿ ನಡೆದಿದೆ, ಯಾವ ಕೋಣೆ ತೆರೆದಿದೆ ಎಂದು ಮೊದಲೇ ನೋಡಿಕೊಳ್ಳಿ.

ದೂರದಿಂದ ಕಲ್ಲಿನ ಮನೆ. ಹತ್ತಿರ ಹೋಗಿ ಗೋಡೆಯ ಮೇಲೆ ಅಡ್ಡ ಬೆಳಕು ಬೀಳುವಾಗ ನೋಡಿದರೆ ಗುಟ್ಟು ರಟ್ಟಾಗುತ್ತದೆ: ಅದು ಪೈನ್ ಹಲಗೆ. ಹಲಗೆಯ ಅಂಚುಗಳನ್ನು ಕಲ್ಲಿನ ಇಟ್ಟಿಗೆಯಂತೆ ಓರೆಯಾಗಿ ಕೆತ್ತಿ, ಬಣ್ಣ ಬಳಿದು, ಅದು ಹಸಿಯಿರುವಾಗಲೇ ಮರಳು ಎರಚಿದ್ದಾರೆ. ಒಣಗಿದ ಮೇಲೆ ತರಿತರಿ ಕಲ್ಲಿನ ಮೈ. ಕಲ್ಲಿನ ಖರ್ಚಿಲ್ಲದೆ ಕಲ್ಲಿನ ಗತ್ತು. ನಡುಮನೆಯ ಗೋಡೆಯ ಮೇಲೆ ಚಿಕ್ಕ ಗಾಜಿನ ಪೆಟ್ಟಿಗೆಯಲ್ಲಿ ತೂಗುಹಾಕಿರುವ ದೊಡ್ಡ ಕಬ್ಬಿಣದ ಕೀಲಿ ಪ್ಯಾರಿಸಿನ ಬಾಸ್ಟೀಲ್ ಸೆರೆಮನೆಯದು. 1790ರಲ್ಲಿ ಕಳಿಸಿದ್ದು ಲಾಫಯೆಟ್, ಸ್ವಾತಂತ್ರ್ಯ ಯುದ್ಧದಲ್ಲಿ ವಾಷಿಂಗ್ಟನ್ನರ ಜೊತೆ ಕಾದಿದ ಫ್ರೆಂಚ್ ಸೇನಾನಿ. ಗುಂಪು ಬೇಗಬೇಗ ಸಾಗುವುದರಿಂದ ಎಷ್ಟೋ ಮಂದಿ ಅದನ್ನು ನೋಡದೇ ದಾಟುತ್ತಾರೆ.

ಈಗ ಹಲ್ಲಿನ ವಿಷಯ. ಆವರಣದ ವಸ್ತುಸಂಗ್ರಹಾಲಯದಲ್ಲಿ ವಾಷಿಂಗ್ಟನ್ನರಿಗೆ ಕಟ್ಟಿಸಿದ ಹಲ್ಲಿನ ಪೂರ್ತಿ ಸೆಟ್ ಇದೆ. ಮರದ ಚೂರೂ ಅದರಲ್ಲಿಲ್ಲ. ಸೀಸದ ತಳ, ಅದಕ್ಕೆ ಕೂರಿಸಿದ ಮನುಷ್ಯರ ಮತ್ತು ಪ್ರಾಣಿಗಳ ಹಲ್ಲು, ಮೇಲಿನದನ್ನೂ ಕೆಳಗಿನದನ್ನೂ ಹಿಡಿದಿಡುವ ಸ್ಪ್ರಿಂಗು. ತೊಂದರೆ ಇದ್ದದ್ದು ಸ್ಪ್ರಿಂಗಿನಲ್ಲಿ: ಅದು ಸದಾ ಎರಡು ಸಾಲುಗಳನ್ನು ದೂರ ತಳ್ಳುತ್ತದೆ. ಬಾಯಿ ಮುಚ್ಚಿರಬೇಕೆಂದರೆ ದವಡೆ ಕಚ್ಚಿ ಹಿಡಿದೇ ಇರಬೇಕು. ನಿನ್ನೆಯ ಚಿತ್ರದ ಬಿಗಿದ ತುಟಿಗೆ ಇದೇ ಕಾರಣ. 1789ರ ಏಪ್ರಿಲ್ 30ರಂದು ಪ್ರಮಾಣವಚನ ಸ್ವೀಕರಿಸುವಾಗ ಬಾಯಲ್ಲಿ ಸ್ವಂತದ್ದೆಂದು ಉಳಿದಿದ್ದದ್ದು ಒಂದೇ ಹಲ್ಲು. ಅದಕ್ಕೆ ಜಾಗ ಬಿಟ್ಟು ತೂತು ಕೊರೆದು ಮಾಡಿದ ಸೆಟ್ ಕೂಡ ಇತ್ತು. ಎರಡನೇ ಅವಧಿಯ ಪ್ರಮಾಣವಚನ ಭಾಷಣ ಬರೀ 135 ಪದ. ಅದಕ್ಕಿಂತ ಚಿಕ್ಕದನ್ನು ಇದುವರೆಗೆ ಯಾರೂ ಮಾಡಿಲ್ಲ.

ಇದಕ್ಕೂ ಒಂದು ಬಿಲ್ಲಿದೆ. 1784ರ ಮನೆ ಲೆಕ್ಕದ ಪುಸ್ತಕದಲ್ಲಿ ಒಂದು ನಮೂದು: ಫ್ರೆಂಚ್ ದಂತವೈದ್ಯರ ಲೆಕ್ಕಕ್ಕೆ ‘ನೀಗ್ರೋ’ಗಳಿಗೆ ಕೊಟ್ಟದ್ದು, ಒಂಬತ್ತು ಹಲ್ಲಿಗೆ, 6 ಪೌಂಡ್ 2 ಶಿಲಿಂಗ್. ‘ಮರದ ಹಲ್ಲು’ ಎಂಬ ಕತೆ ಇಷ್ಟು ವರ್ಷ ಬಾಳಿದ್ದು ಈ ಒಂದು ಸಾಲನ್ನು ಮರೆಸುವುದಕ್ಕೆ ಅನುಕೂಲವಾಗಿಯೇ ಇರಬೇಕು.

1799ರ ಡಿಸೆಂಬರ್ 12ರಂದು ಹಿಮ ಮಳೆಯಲ್ಲಿ ಕುದುರೆಯ ಮೇಲೆ ಜಮೀನು ಸುತ್ತಿ ಬಂದವರಿಗೆ ಗಂಟಲು ಕಟ್ಟಿತು. 14ರಂದು ವೈದ್ಯರು ಸರದಿಯಂತೆ ರಕ್ತ ತೆಗೆದರು. ಒಟ್ಟು ಸುಮಾರು 80 ಔನ್ಸ್, ಅಂದರೆ ಎರಡೂಕಾಲು ಲೀಟರಿಗೂ ಮೇಲೆ. ರಾತ್ರಿ ಹತ್ತರ ಸುಮಾರಿಗೆ ಮುಗಿಯಿತು. (ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಸತ್ತದ್ದೂ ಅದೇ ವರ್ಷ, ಮೇ 4ರಂದು.) ಆಗ ಜಮೀನಿನಲ್ಲಿ 317 ಗುಲಾಮರಿದ್ದರು. ತಮ್ಮ ಹೆಸರಿನಲ್ಲಿದ್ದ 123 ಮಂದಿಗೆ ಪತ್ನಿಯ ನಂತರ ಬಿಡುಗಡೆ ಎಂದು ಉಯಿಲು ಬರೆದಿದ್ದರು. ಮಾರ್ಥಾ ಕಾಯದೆ 1801ರ ಜನವರಿ 1ರಂದೇ ಬಿಟ್ಟರು. ಉಳಿದವರಲ್ಲಿ ಹೆಚ್ಚಿನವರು ಮಾರ್ಥಾರ ಮೊದಲ ಗಂಡನ ಆಸ್ತಿಗೆ ಸೇರಿದವರು. ಅವರನ್ನು ಬಿಡಲು ಇವರಿಬ್ಬರಿಗೂ ಹಕ್ಕಿರಲಿಲ್ಲ. ಗಂಡನಿಗೆ ಬಿಡುಗಡೆ, ಹೆಂಡತಿ ಮಕ್ಕಳಿಗೆ ಇಲ್ಲ, ಹೀಗೆ ಸಂಸಾರಗಳು ಒಡೆದವು.

ಸಾಲ ಮಾಡಿ ಹೋದ ವಾಷಿಂಗ್ಟನ್ ಕೊನೆಗಾಲದಲ್ಲಿ ದುಡ್ಡು ಮಾಡಿದ್ದು ವಿಸ್ಕಿಯಲ್ಲಿ. 1799ರಲ್ಲಿ ಭಟ್ಟಿಯಿಂದ ಬಂದದ್ದು ಸುಮಾರು 11,000 ಗ್ಯಾಲನ್. ಮರುನಿರ್ಮಿಸಿದ ಭಟ್ಟಿ ಮತ್ತು ಹಿಟ್ಟಿನ ಗಿರಣಿ ಮೂರು ಮೈಲಿಗೂ ಕಡಿಮೆ ದೂರದಲ್ಲಿವೆ. ಋತುವಿಗೆ ತಕ್ಕಂತೆ ತೆರೆಯುತ್ತವೆ. ಮನೆಯನ್ನು ಉಳಿಸಿದ್ದು ಸರಕಾರವಲ್ಲ, ಹೆಂಗಸರ ಸಂಘ. 1858ರಲ್ಲಿ 2 ಲಕ್ಷ ಡಾಲರಿಗೆ ಕೊಳ್ಳುವ ಕರಾರು ಮಾಡಿಕೊಂಡವರು ಇಂದಿಗೂ ಅದರ ಒಡತಿಯರು.

ಮೂರನೇ ದಿನ: ಮಾಂಟ್‌ಪೀಲಿಯರ್

ಬೆಳಗ್ಗೆ ಏಳರೊಳಗೆ ಹೊರಡಿ. ಐ-66 ಹೆದ್ದಾರಿಯಲ್ಲಿ ಪಶ್ಚಿಮಕ್ಕೆ, ಅಲ್ಲಿಂದ ಯು.ಎಸ್. 29ರಲ್ಲಿ ದಕ್ಷಿಣಕ್ಕೆ ಕಲ್ಪೆಪರ್, ಆಮೇಲೆ ಆರೆಂಜ್ ಪಟ್ಟಣ. ಸುಮಾರು 90 ಮೈಲಿ, ಎರಡು ಗಂಟೆ. ಮ್ಯಾಪು ಐ-95 ತೋರಿಸಿದರೆ ಒಪ್ಪಬೇಡಿ, ಮುಖ್ಯವಾಗಿ ಶುಕ್ರವಾರ. ಫ್ರೆಡರಿಕ್ಸ್‌ಬರ್ಗ್‌ವರೆಗಿನ ತುಂಡು ನಿಂತುಬಿಡುತ್ತದೆ.

ಜೇಮ್ಸ್ ಮ್ಯಾಡಿಸನ್ 5 ಅಡಿ 4 ಅಂಗುಲ, ತೂಕ ನೂರು ಪೌಂಡಿನ ಆಸುಪಾಸು. ಲಿಂಕನ್ನರಿಗಿಂತ ಸರಿಯಾಗಿ ಒಂದಡಿ ಕುಳ್ಳು, ಅಧ್ಯಕ್ಷರಲ್ಲೇ ಎಲ್ಲರಿಗಿಂತ. ಸಂವಿಧಾನದ ನೀಲಿನಕ್ಷೆ ರೂಪುಗೊಂಡದ್ದು ಈ ಮನೆಯ ಮೇಲ್ಮಹಡಿಯ ಗ್ರಂಥಾಲಯದಲ್ಲಿ. ಇಂದು ಕಾಣುವ ಮನೆ 2008ರಲ್ಲಿ ಮುಗಿದ ಐದು ವರ್ಷದ ಕೆಲಸದ ಫಲ. ಡುಪಾಂಟ್ ಕುಟುಂಬ 20ನೇ ಶತಮಾನದಲ್ಲಿ ಮನೆಯನ್ನು ಬೆಳೆಸಿ ಬೆಳೆಸಿ ಗುರುತೇ ಸಿಗದಂತೆ ಮಾಡಿತ್ತು. ಸೇರಿಸಿದ್ದನ್ನೆಲ್ಲ ಕಳಚಿ ಮ್ಯಾಡಿಸನ್ನರ ಕಾಲದ ಅಳತೆಗೆ ತಂದರು. ಆದ್ದರಿಂದ ಪೀಠೋಪಕರಣ ಕಡಿಮೆ, ಗೋಡೆ ಹೆಚ್ಚು. ಅರಮನೆಯ ವೈಭವ ನಿರೀಕ್ಷಿಸಿ ಬಂದವರಿಗೆ ಸಪ್ಪೆ ಎನಿಸಬಹುದು.

ಸಪ್ಪೆ ಎನಿಸಿದರೆ ನೆಲಮಾಳಿಗೆಗೆ ಇಳಿಯಿರಿ. ಇಲ್ಲಿ ಬದುಕಿದ ಗುಲಾಮರ ಕುರಿತ ಪ್ರದರ್ಶನ ಅಲ್ಲಿದೆ, ಮತ್ತು ಈ ಮನೆಯಲ್ಲಿ ನೋಡಲೇಬೇಕಾದದ್ದು ಅದೇ. ಇಟ್ಟಿಗೆಯೊಂದರಲ್ಲಿ ಬೆರಳಿನ ಗುರುತುಗಳಿವೆ. ಅಚ್ಚಿನಿಂದ ತೆಗೆದ ಹಸಿ ಇಟ್ಟಿಗೆಯನ್ನು ಎತ್ತಿ ಬಿಸಿಲಿಗಿಟ್ಟ ಕೈಯದು.

ಇಲ್ಲಿನ ಕತೆ ಪಾಲ್ ಜೆನ್ನಿಂಗ್ಸರದ್ದು. ಮ್ಯಾಡಿಸನ್ನರ ಖಾಸಾ ಸೇವಕನಾಗಿದ್ದ ಗುಲಾಮ. 1836ರ ಜೂನ್ 28ರಂದು ಯಜಮಾನರು ಉಪಾಹಾರದ ತಟ್ಟೆಯ ಮುಂದೆ ಕೊನೆಯುಸಿರೆಳೆದಾಗ ಹತ್ತಿರ ಇದ್ದವರು. ಸ್ವಾತಂತ್ರ್ಯ ದಿನವಾದ ಜುಲೈ 4ರವರೆಗೆ ಜೀವ ಹಿಡಿಸಲು ಔಷಧಿ ಕೊಡುತ್ತೇವೆಂದು ವೈದ್ಯರು ಹೇಳಿದ್ದರಂತೆ; ಮ್ಯಾಡಿಸನ್ ಬೇಡವೆಂದರು. ಮ್ಯಾಡಿಸನ್ ದಂಪತಿಗೆ ಮಕ್ಕಳಿರಲಿಲ್ಲ. ಡಾಲಿಯವರಿಗೆ ಮೊದಲ ಮದುವೆಯ ಮಗನೊಬ್ಬನಿದ್ದ, ಪೇನ್ ಟಾಡ್. ಕುಡಿತ, ಜೂಜು. ಅವನ ಸಾಲಕ್ಕೆ ಮಲತಂದೆ ಸುರಿದದ್ದು ಸುಮಾರು 40,000 ಡಾಲರ್, ಅದರಲ್ಲಿ ಎಷ್ಟನ್ನೋ ಹೆಂಡತಿಗೆ ತಿಳಿಸದೆ. ಗಂಡ ಹೋದ ಮೇಲೆ ಡಾಲಿ ಅವರ ಕಾಗದಪತ್ರಗಳನ್ನು ಸರಕಾರಕ್ಕೆ ಎರಡು ಕಂತಿನಲ್ಲಿ ಮಾರಿದರು, 1837ರಲ್ಲಿ 30,000ಕ್ಕೆ, 1848ರಲ್ಲಿ 25,000ಕ್ಕೆ. ನಡುವೆ 1844ರಲ್ಲಿ ಮನೆಯೂ ಹೋಯಿತು.

ಜೆನ್ನಿಂಗ್ಸರ ಬಿಡುಗಡೆಗೆ 120 ಡಾಲರ್ ಕೊಟ್ಟವರು ಸೆನೆಟರ್ ಡೇನಿಯಲ್ ವೆಬ್‌ಸ್ಟರ್, 1847ರಲ್ಲಿ. ತಿಂಗಳಿಗೆ 8 ಡಾಲರಿನಂತೆ ಅವರ ಮನೆಯಲ್ಲಿ ದುಡಿದು ತೀರಿಸುವ ಒಪ್ಪಂದ. ಹಾಗೆ ದುಡಿಯುತ್ತಿದ್ದ ಕಾಲದಲ್ಲಿ ವೆಬ್‌ಸ್ಟರ್ ಕೆಲವೊಮ್ಮೆ ಬುಟ್ಟಿ ತುಂಬ ದಿನಸಿ ಕೊಟ್ಟು ಡಾಲಿಯವರ ಮನೆಗೆ ಕಳಿಸುತ್ತಿದ್ದರು. ಜೆನ್ನಿಂಗ್ಸ್ ತಮ್ಮ ಜೇಬಿನಿಂದಲೂ ಹಿಂದಿನ ಒಡತಿಗೆ ಚಿಲ್ಲರೆ ಕಾಸು ಕೊಟ್ಟು ಬರುತ್ತಿದ್ದರು. ಇದನ್ನು ಅವರೇ 1865ರಲ್ಲಿ ಅಚ್ಚಾದ ತಮ್ಮ ನೆನಪುಗಳಲ್ಲಿ ಬರೆದಿದ್ದಾರೆ. ವಾಷಿಂಗ್ಟನ್ನರ ಚಿತ್ರವನ್ನು ಬೆಂಕಿಯಿಂದ ಉಳಿಸಿದ್ದು ಡಾಲಿ ಎಂಬ ಜನಪ್ರಿಯ ಕತೆಗೂ ಅಲ್ಲೇ ತಿದ್ದುಪಡಿ ಇದೆ: ಚಿತ್ರವನ್ನು ಕೆಳಗಿಳಿಸಿದವರು ಬಾಗಿಲು ಕಾಯುವವನು ಮತ್ತು ತೋಟಗಾರ. ಅಪ್ಪಣೆ ಡಾಲಿಯದಿರಬಹುದು, ಏಣಿ ಹತ್ತಿದ್ದು ಬೇರೆಯವರು.

ಸಂಜೆ ರೂಟ್ 20ರಲ್ಲಿ ಶಾರ್ಲಟ್ಸ್‌ವಿಲ್‌ಗೆ ಮೂವತ್ತು ಮೈಲಿಯೊಳಗೆ. ತಿರುವುಗಳ ದಾರಿ, ಕತ್ತಲಾದ ಮೇಲೆ ಜಿಂಕೆಗಳು ಅಡ್ಡ ಬರುತ್ತವೆ. ನಡುವೆ ಬಾರ್ಬರ್ಸ್‌ವಿಲ್ ಬಳಿ ಹುಟ್ಟಿದವರು 12ನೇ ಅಧ್ಯಕ್ಷ ಜ್ಯಾಕರಿ ಟೇಲರ್. ರಸ್ತೆಬದಿಯ ಫಲಕ ಬಿಟ್ಟರೆ ನೋಡಲು ಏನಿಲ್ಲ. 1850ರ ಜುಲೈ 4ರ ಬಿಸಿಲಲ್ಲಿ ಚೆರ್ರಿ ಹಣ್ಣು, ತಣ್ಣನೆ ಹಾಲು ಸೇವಿಸಿ ಹೊಟ್ಟೆ ಕೆಟ್ಟು 9ಕ್ಕೆ ಸತ್ತರು. ವಿಷ ಹಾಕಿದ್ದಾರೆಂಬ ಅನುಮಾನಕ್ಕೆ 1991ರಲ್ಲಿ ಗೋರಿ ತೆಗೆದು ಪರೀಕ್ಷಿಸಿದರು. ಆರ್ಸೆನಿಕ್ ಕೊಲ್ಲುವಷ್ಟು ಇರಲಿಲ್ಲ.

ನಾಲ್ಕನೇ ದಿನ: ಮಾಂಟಿಚೆಲ್ಲೊ, ಹೈಲ್ಯಾಂಡ್

ಬೆಳಗಿನ ಮೊದಲ ತಂಡದ ಟಿಕೆಟ್ ಕೊಳ್ಳಿ. ಸಂದರ್ಶಕರ ಕೇಂದ್ರದಿಂದ ಬೆಟ್ಟದ ಮೇಲಕ್ಕೆ ಶಟಲ್ ಬಸ್ಸಿದೆ, ನಡೆದೂ ಹೋಗಬಹುದು. ಸಾಮಾನ್ಯ ಟಿಕೆಟ್ಟಿನಲ್ಲಿ ತೋರಿಸುವುದು ಕೆಳಗಿನ ಅಂತಸ್ತು ಮಾತ್ರ. ಗುಮ್ಮಟದ ಕೋಣೆ ನೋಡಬೇಕಾದರೆ ಬೇರೆ ಟಿಕೆಟ್, ಮತ್ತು ಮೆಟ್ಟಿಲು 24 ಅಂಗುಲ ಅಗಲ, ಕಡಿದು. ಭಾರತದಿಂದ ಬಂದ ಅಪ್ಪ ಅಮ್ಮನಿಗೆ ಮಂಡಿನೋವಿದ್ದರೆ ಅದನ್ನು ಬಿಟ್ಟು ತೋಟಕ್ಕೆ ಕರೆದೊಯ್ಯಿರಿ.

ಹಜಾರಕ್ಕೆ ಕಾಲಿಟ್ಟೊಡನೆ ತಲೆ ಎತ್ತಿ ಬಾಗಿಲ ಮೇಲಿನ ಗಡಿಯಾರ ನೋಡಿ. ಎರಡೂ ಬದಿಗೆ ಹಗ್ಗದಲ್ಲಿ ಫಿರಂಗಿ ಗುಂಡಿನಂಥ ತೂಕಗಳು ನೇತಾಡುತ್ತವೆ. ತೂಕ ದಿನದಿನಕ್ಕೆ ಕೆಳಗಿಳಿಯುತ್ತದೆ. ಗೋಡೆಯ ಮೇಲೆ ಬರೆದ ವಾರದ ಹೆಸರುಗಳಲ್ಲಿ ಅದು ಯಾವುದರ ಮುಂದಿದೆಯೋ ಅದು ಆ ದಿನ. ಭಾನುವಾರಕ್ಕೊಮ್ಮೆ ಕೀಲಿ. ಗಡಿಯಾರ ಮಾಡಿಸಿದ್ದು ಫಿಲಡೆಲ್ಫಿಯಾದಲ್ಲಿ. ಇಲ್ಲಿಗೆ ತಂದು ಕೂರಿಸಿದಾಗ ಗೋಡೆಯ ಎತ್ತರ ಸಾಲಲಿಲ್ಲ. ವಾರ ಮುಗಿಯುವ ಮೊದಲೇ ನೆಲ ಬಂತು! ಜೆಫರ್ಸನ್ ಹಗ್ಗ ಕತ್ತರಿಸಲಿಲ್ಲ, ನೆಲ ಕೊರೆಸಿದರು. ಶನಿವಾರ ನೆಲಮಾಳಿಗೆಯಲ್ಲಿದೆ.

ದುಡ್ಡಿನ ವಿಷಯದಲ್ಲೂ ಅವರು ಹಗ್ಗ ಕತ್ತರಿಸುವವರಲ್ಲ. ದಿನದ ಖರ್ಚನ್ನು ಕಾಸು ಬಿಡದೆ ಬರೆದಿಡುವ ಅಭ್ಯಾಸ. ಸ್ವಾತಂತ್ರ್ಯ ಘೋಷಣೆ ಅಂಗೀಕಾರವಾದ 1776ರ ಜುಲೈ 4ರ ನಮೂದುಗಳಲ್ಲಿ ಒಂದು ಥರ್ಮಾಮೀಟರು, ಏಳು ಜೊತೆ ಹೆಂಗಸರ ಕೈಗವಸು, ಒಂದಿಷ್ಟು ದಾನ. ಹೀಗೆ ದಶಕಗಟ್ಟಲೆ ಬರೆದರು; ಆದರೆ ಜಮೆಗೂ ಖರ್ಚಿಗೂ ತಾಳೆ ಹಾಕಿ ಬಾಕಿ ಎಷ್ಟೆಂದು ನೋಡುತ್ತಿರಲಿಲ್ಲ. ಚಿಲ್ಲರೆ ಅಂಗಡಿಯವನೂ ದಿನದ ಕೊನೆಗೆ ಮಾಡುವ ಕೆಲಸ ಅದು. ಅಧ್ಯಕ್ಷರಾಗಿದ್ದ ಎಂಟು ವರ್ಷದ ವೈನ್ ಬಿಲ್ಲೊಂದೇ 10,000 ಡಾಲರ್ ದಾಟಿತ್ತು.

ಸಾಲದ ಬೇರು ಹಳೆಯದು. 1773ರಲ್ಲಿ ಮಾವ ತೀರಿಕೊಂಡಾಗ ಆಸ್ತಿಯ ಜೊತೆಗೆ ಸಾಲವೂ ಬಂತು. ತೀರಿಸಲೆಂದು ಜಮೀನು ಮಾರಿದರು. ಕೊಂಡವರು ಕೊಟ್ಟದ್ದು ಯುದ್ಧಕಾಲದ ಕಾಗದದ ದುಡ್ಡು, ಬೆಲೆ ನೀರಾಯಿತು. 1815ರಲ್ಲಿ ತಮ್ಮ 6,487 ಪುಸ್ತಕಗಳನ್ನು 23,950 ಡಾಲರಿಗೆ ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿಗೆ ಮಾರಿದರು. 1814ರ ಬೆಂಕಿಯಲ್ಲಿ ಸುಟ್ಟಿದ್ದ ಲೈಬ್ರರಿ ಆಫ್ ಕಾಂಗ್ರೆಸ್ ಮತ್ತೆ ತಲೆಯೆತ್ತಿದ್ದು ಆ ಪುಸ್ತಕಗಳ ಮೇಲೆ. ದುಡ್ಡಿನ ಬಹುಪಾಲು ಸಾಲ ಕೊಟ್ಟವರ ಪಾಲಾಯಿತು. ಜೆಫರ್ಸನ್ ಮತ್ತೆ ಪುಸ್ತಕ ಕೊಳ್ಳತೊಡಗಿದರು.

ಮುಳುಗಿಸಿದ್ದು ಬೀಗರ ದಾಕ್ಷಿಣ್ಯ. ಮೊಮ್ಮಗನ ಮಾವ ವಿಲ್ಸನ್ ಕ್ಯಾರಿ ನಿಕೊಲಸ್ ಮಾಜಿ ಗವರ್ನರ್. 1818ರಲ್ಲಿ ಅವರು 20,000 ಡಾಲರ್ ಸಾಲಕ್ಕೆ ಜಾಮೀನು ಹಾಕಿ ಎಂದು ಕೇಳಿದರು. ಇಲ್ಲ ಎನ್ನಲಾಗಲಿಲ್ಲ. ಮರುವರ್ಷದ ಆರ್ಥಿಕ ಕುಸಿತದಲ್ಲಿ ನಿಕೊಲಸ್ ದಿವಾಳಿ. ವರ್ಷಕ್ಕೆ 1,200 ಡಾಲರ್ ಬಡ್ಡಿ 76ರ ಮುದುಕರ ತಲೆಗೆ ಬಂತು. ನಿಕೊಲಸ್ 1820ರಲ್ಲಿ ಸತ್ತರು. ಅವರನ್ನು ಹೂಳಿದ್ದು ಮಾಂಟಿಚೆಲ್ಲೊದ ಮನೆತನದ ಸ್ಮಶಾನದಲ್ಲೇ. ಬೆಟ್ಟ ಇಳಿಯುವಾಗ ಆ ಬೇಲಿ ಸಿಗುತ್ತದೆ.

1826ರ ಜುಲೈ 4ರಂದು, ಘೋಷಣೆಯ ಐವತ್ತನೇ ವರ್ಷದ ದಿನವೇ, ಜೆಫರ್ಸನ್ ತೀರಿಕೊಂಡರು. ಕೆಲವೇ ಗಂಟೆಗಳ ನಂತರ ಮ್ಯಾಸಚೂಸೆಟ್ಸಿನಲ್ಲಿ ಜಾನ್ ಆಡಮ್ಸ್ ಕೂಡ. ಜೆಫರ್ಸನ್ ಬಿಟ್ಟುಹೋದ ಸಾಲ 1,07,000 ಡಾಲರಿಗೂ ಹೆಚ್ಚು. 1827ರ ಜನವರಿಯಲ್ಲಿ ಮನೆ ಮುಂದೆ ಹರಾಜು. ಜಾಹೀರಾತಿನಲ್ಲಿ ಸಾಮಾನು, ದನಕರುಗಳ ಸಾಲಿನಲ್ಲೇ 130 ಗುಲಾಮರು. ಕಮ್ಮಾರ ಜೋಸೆಫ್ ಫಾಸೆಟ್‌ಗೆ ಉಯಿಲಿನಲ್ಲಿ ಬಿಡುಗಡೆ ಬರೆದಿತ್ತು. ಆತ ನಿಂತು ನೋಡುತ್ತಿದ್ದಂತೆ ಹೆಂಡತಿ ಎಡಿತ್ ಮತ್ತು ಮಕ್ಕಳು ಹರಾಜಾದರು. ಅಧ್ಯಕ್ಷರ ಭವನದಲ್ಲಿ ಎಲ್ಲರೂ ಹೊಗಳುತ್ತಿದ್ದ ಔತಣಗಳ ಅಡುಗೆ ಕಲಿತು ಬಂದವಳು ಈ ಎಡಿತ್. ಜೆಫರ್ಸನ್ ತಾವೇ ಬರೆದಿಟ್ಟ ಗೋರಿಯ ಬರಹದಲ್ಲಿ ಮೂರು ಸಾಧನೆಗಳಿವೆ: ಸ್ವಾತಂತ್ರ್ಯ ಘೋಷಣೆ, ವರ್ಜೀನಿಯಾದ ಧರ್ಮಸ್ವಾತಂತ್ರ್ಯ ಶಾಸನ, ವಿಶ್ವವಿದ್ಯಾಲಯ. ಅಧ್ಯಕ್ಷರಾಗಿದ್ದೆ ಎಂದಿಲ್ಲ.

ತೋಟ ಬಿಡಬೇಡಿ. ಬೆಟ್ಟದ ಸೊಂಟಕ್ಕೆ ಕಟ್ಟಿದ 1,000 ಅಡಿ ಉದ್ದದ ಪಾತಿಯಲ್ಲಿ ಬೇಸಿಗೆಯಲ್ಲಿ ಬೆಂಡೆಕಾಯಿ ಕಾಣಿಸುತ್ತದೆ. ಜೆಫರ್ಸನ್ ಬೆಳೆಸಿದ ಪಟ್ಟಿಯಲ್ಲಿ ಅದಿದೆ. ಎಣ್ಣೆಗಾಗಿ ಎಳ್ಳನ್ನೂ ಹಾಕಿದ್ದರು.

ಹೈಲ್ಯಾಂಡ್ ಇಲ್ಲಿಂದ ಮೂರು ಮೈಲಿ. ಐದನೇ ಅಧ್ಯಕ್ಷ ಜೇಮ್ಸ್ ಮನ್ರೋ ಅವರ ಮನೆ ಎಂದು ದಶಕಗಟ್ಟಲೆ ತೋರಿಸುತ್ತಿದ್ದ ಕಟ್ಟಡ ಮನ್ರೋ ಅವರ ಮನೆಯೇ ಅಲ್ಲ! ತೊಲೆಗಳ ವರ್ಷಬಳೆ ಎಣಿಸಿ ನೋಡಿದಾಗ ಅದು 1818ರ ಅತಿಥಿಗೃಹ ಎಂದು ತಿಳಿಯಿತು. ನಿಜವಾದ ಮನೆಯ ಅಡಿಪಾಯ ಅಂಗಳದ ಹುಲ್ಲಿನ ಕೆಳಗೆ ಸಿಕ್ಕಿತು. 2016ರಲ್ಲಿ ಇದು ಪ್ರಕಟವಾಯಿತು. ಮನೆ ಎಲ್ಲಿತ್ತೆಂದು ಈಗ ನೆಲದ ಮೇಲೆ ಗುರುತು ಮಾಡಿದ್ದಾರೆ. ಅದನ್ನೇ ನೋಡಿ ಬನ್ನಿ, ಒಂದು ಗಂಟೆ ಸಾಕು. 1820ರಲ್ಲಿ 232 ಚುನಾಯಕ ಮತಗಳಲ್ಲಿ 231 ಪಡೆದು ಗೆದ್ದವರು, ಸಾಲ ತೀರಿಸಲು 1826ರಲ್ಲಿ ಇದನ್ನು ಮಾರಿದರು. ಹಿಂದೆ ಸರಕಾರಿ ಕೆಲಸಕ್ಕೆ ಕೈಯಿಂದ ಹಾಕಿದ ದುಡ್ಡು ಕೊಡಿ ಎಂದು ವರ್ಷಗಟ್ಟಲೆ ಕಾಂಗ್ರೆಸ್ಸಿಗೆ ಅರ್ಜಿ ಹಾಕಿದರು. 1831ರಲ್ಲಿ 30,000 ಡಾಲರ್ ಮಂಜೂರಾಯಿತು. ಅದೇ ವರ್ಷ ನ್ಯೂಯಾರ್ಕಿನಲ್ಲಿ ಮಗಳ ಮನೆಯಲ್ಲಿ ಕಣ್ಣು ಮುಚ್ಚಿದರು. ತಾರೀಖು ಮತ್ತೆ ಜುಲೈ 4.

ಐದನೇ ದಿನ: ಸ್ಟ್ಯಾಂಟನ್

ಕಾಗುಣಿತ ನೋಡಿ ‘ಸ್ಟಾಂಟನ್’ ಎಂದರೆ ಊರವರು ತಿದ್ದುತ್ತಾರೆ, ಉಚ್ಚಾರ ಸ್ಟ್ಯಾಂಟನ್. ಐ-64ರಲ್ಲಿ ಪಶ್ಚಿಮಕ್ಕೆ 40 ಮೈಲಿ. ನಡುವೆ ಆಫ್ಟನ್ ಬೆಟ್ಟ ದಾಟುವಾಗ ಮಂಜು ಒಮ್ಮೆಲೇ ಕವಿಯುತ್ತದೆ. ರಸ್ತೆಯಂಚಿನಲ್ಲಿ ಹುಗಿದ ದೀಪಗಳು ಅದಕ್ಕಾಗಿಯೇ. ಹೈಬೀಮ್ ಹಾಕಿದರೆ ಬಿಳಿ ಗೋಡೆಯೇ ಎದುರಾಗುತ್ತದೆ, ಲೋಬೀಮಿನಲ್ಲೇ ನಿಧಾನ ಹೋಗಿ.

ವುಡ್ರೋ ವಿಲ್ಸನ್ 1856ರ ಡಿಸೆಂಬರ್‌ನಲ್ಲಿ ಇಲ್ಲಿನ ಪಾದ್ರಿಗಳ ಮನೆಯಲ್ಲಿ ಹುಟ್ಟಿದರು. ಎರಡು ತುಂಬುವ ಮುಂಚೆ ಕುಟುಂಬ ಊರು ಬಿಟ್ಟಿತು. ಪಿಎಚ್.ಡಿ. ಪಡೆದ ಏಕೈಕ ಅಧ್ಯಕ್ಷರು. ಸಂಗ್ರಹಾಲಯದಲ್ಲಿ ನಿಜವಾದ ಆಕರ್ಷಣೆ 1919ರ ಪಿಯರ್ಸ್-ಆರೋ ಕಾರು. ಅಧಿಕಾರ ಬಿಟ್ಟಾಗ ಗೆಳೆಯರು ಕೊಂಡು ಕೊಟ್ಟದ್ದು. ಮೊದಲ ಮಹಾಯುದ್ಧದಲ್ಲಿ ಶ್ವೇತಭವನದ ಹುಲ್ಲು ಕತ್ತರಿಸುವ ಆಳು ಉಳಿಸಲು ಕುರಿ ಮೇಯಿಸಿದರು. ಉಣ್ಣೆ ಹರಾಜಿನಿಂದ ರೆಡ್ ಕ್ರಾಸಿಗೆ 52,000 ಡಾಲರಿಗೂ ಮಿಕ್ಕಿ ಹೋಯಿತು. 1934ರ 1 ಲಕ್ಷ ಡಾಲರಿನ ಚಿನ್ನದ ಸರ್ಟಿಫಿಕೇಟಿನ ಮೇಲಿರುವುದು ಇವರ ಮುಖ. ಬ್ಯಾಂಕುಗಳ ನಡುವೆ ಮಾತ್ರ ಓಡಾಡಿದ ನೋಟದು. 1919ರ ಅಕ್ಟೋಬರ್ 2ರಂದು ಲಕ್ವ ಹೊಡೆದ ಮೇಲೆ ಮಂತ್ರಿಗಳಿಗೆ ಮುಖ ತೋರಿಸಿದ್ದು 1920ರ ಏಪ್ರಿಲ್‌ನಲ್ಲಿ; ಅಲ್ಲಿಯವರೆಗೆ ಯಾವ ಕಡತ ಒಳಗೆ ಹೋಗಬೇಕೆಂದು ನಿರ್ಧರಿಸಿದವರು ಪತ್ನಿ ಎಡಿತ್.

ಮಧ್ಯಾಹ್ನ ಹೊರಟರೆ ರಿಚ್ಮಂಡ್ ಅದೇ ಐ-64ರಲ್ಲಿ ಪೂರ್ವಕ್ಕೆ, ಸುಮಾರು 110 ಮೈಲಿ. ಅಲ್ಲೇ ವಸತಿ.

ಆರನೇ ದಿನ: ರಿಚ್ಮಂಡ್, ರೂಟ್ 5

ಬೆಳಗ್ಗೆ ಹಾಲಿವುಡ್ ಸ್ಮಶಾನ. ಸಿನಿಮಾಕ್ಕೂ ಇದಕ್ಕೂ ಸಂಬಂಧವಿಲ್ಲ. ಹೆಸರು ‘ಹಾಲಿ’ ಎಂಬ ಜಾತಿಯ ಮರಗಳಿಂದ ಬಂದದ್ದು. ಜೇಮ್ಸ್ ನದಿಯ ಮೇಲಿನ ದಿಣ್ಣೆಯಲ್ಲಿ ಎರಕದ ಕಬ್ಬಿಣದ ಹಕ್ಕಿಗೂಡಿನಂಥ ಗೋರಿ ಮನ್ರೋ ಅವರದು; ನ್ಯೂಯಾರ್ಕಿನಿಂದ 1858ರಲ್ಲಿ ದೇಹ ತಂದರು. ಪಕ್ಕದಲ್ಲೇ 10ನೇ ಅಧ್ಯಕ್ಷ ಜಾನ್ ಟೈಲರ್. 1862ರ ಜನವರಿಯಲ್ಲಿ ಅವರು ಸತ್ತಾಗ ದಕ್ಷಿಣದ ಬಂಡಾಯ ಸರಕಾರದ ಸಂಸತ್ತಿಗೆ ಆಯ್ಕೆಯಾಗಿದ್ದರು. ವಾಷಿಂಗ್ಟನ್ನಿನಲ್ಲಿ ಅಧಿಕೃತ ಶೋಕಾಚರಣೆ ನಡೆಯಲಿಲ್ಲ. ಅಮೆರಿಕದ ಸಂಸತ್ತು ಇಲ್ಲಿ ಸ್ಮಾರಕ ನಿಲ್ಲಿಸಿದ್ದು 1915ರಲ್ಲಿ.

ಪೆಟ್ರೋಲ್ ರಿಚ್ಮಂಡ್‌ನಲ್ಲೇ ತುಂಬಿಸಿ, ಊಟವನ್ನೂ ಕಟ್ಟಿಸಿಕೊಳ್ಳಿ. ರೂಟ್ 5ರಲ್ಲಿ ಎರಡಕ್ಕೂ ಪರದಾಟ. ಚಾರ್ಲ್ಸ್ ಸಿಟಿ ಕೌಂಟಿಯ ಬರ್ಕ್ಲಿ ತೋಟದ ಇಟ್ಟಿಗೆ ಮನೆಯಲ್ಲಿ 1773ರಲ್ಲಿ ಹುಟ್ಟಿದವರು 9ನೇ ಅಧ್ಯಕ್ಷ ವಿಲಿಯಂ ಹೆನ್ರಿ ಹ್ಯಾರಿಸನ್. 1841ರ ಪ್ರಮಾಣವಚನ ಭಾಷಣ 8,445 ಪದ, ಒಂದೂಮುಕ್ಕಾಲು ಗಂಟೆ. ಅದೂ ಡೇನಿಯಲ್ ವೆಬ್‌ಸ್ಟರ್ ಕತ್ತರಿ ಆಡಿಸಿದ ಮೇಲೆ ಉಳಿದದ್ದು. ಅಧಿಕಾರಕ್ಕೆ ಬಂದ 31 ದಿನಕ್ಕೆ ಸತ್ತರು. ಚಳಿಯಲ್ಲಿ ಕೋಟಿಲ್ಲದೆ ಭಾಷಣ ಮಾಡಿ ನ್ಯುಮೋನಿಯಾ ಬಂತೆನ್ನುವುದು ರೂಢಿಯ ಕತೆ. ಆದರೆ ಕಾಯಿಲೆ ಶುರುವಾದದ್ದು ಭಾಷಣವಾಗಿ ಮೂರು ವಾರಕ್ಕೆ. 2014ರಲ್ಲಿ ಇಬ್ಬರು ಸಂಶೋಧಕರು ವೈದ್ಯರ ಟಿಪ್ಪಣಿಗಳನ್ನು ಮತ್ತೆ ಓದಿ, ಮಲಮೂತ್ರ ಸುರಿಯುತ್ತಿದ್ದ ಜಾಗಕ್ಕೆ ಹತ್ತಿರವಿದ್ದ ಶ್ವೇತಭವನದ ನೀರಿನ ಮೂಲವೇ ಕಾರಣ, ಅದು ಕರುಳಿನ ಜ್ವರ ಎಂದು ವಾದಿಸಿದರು. ಈ ವಾದವೇ ಹೆಚ್ಚು ಹೊಂದುತ್ತದೆ. ಪತ್ನಿ ಆನಾ ಇನ್ನೂ ಒಹಾಯೋ ಬಿಟ್ಟು ಹೊರಟಿರಲಿಲ್ಲ. ಕಾಂಗ್ರೆಸ್ ಅವರಿಗೆ ಒಂದು ವರ್ಷದ ಸಂಬಳ, 25,000 ಡಾಲರ್ ಕೊಟ್ಟಿತು.

ಜಾಗಕ್ಕೆ ಬಂದವರು ಉಪಾಧ್ಯಕ್ಷ ಟೈಲರ್, ಇದೇ ಕೌಂಟಿಯವರು. ಅಧ್ಯಕ್ಷ ಸತ್ತರೆ ಉಪಾಧ್ಯಕ್ಷ ಪೂರ್ಣ ಅಧ್ಯಕ್ಷನೋ ಹಂಗಾಮಿಯೋ ಎಂದು ಸಂವಿಧಾನ ಬಿಡಿಸಿ ಹೇಳಿರಲಿಲ್ಲ. ‘ಹಂಗಾಮಿ ಅಧ್ಯಕ್ಷರಿಗೆ’ ಎಂದು ವಿಳಾಸ ಬರೆದ ಪತ್ರಗಳನ್ನು ಟೈಲರ್ ಒಡೆಯದೆ ವಾಪಸು ಕಳಿಸಿದರು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಒಬ್ಬರನ್ನುಳಿದು ಇಡೀ ಮಂತ್ರಿಮಂಡಲ ರಾಜೀನಾಮೆ ಕೊಟ್ಟಿತು. ಉಳಿದ ಆ ಒಬ್ಬರು ಮತ್ತೆ ವೆಬ್‌ಸ್ಟರ್.

ಬರ್ಕ್ಲಿಯಿಂದ ಮುಂದೆ ಟೈಲರರ ಮನೆ, ಶೆರ್ವುಡ್ ಫಾರೆಸ್ಟ್. ಸ್ವಂತ ಪಕ್ಷವೇ ಹೊರಹಾಕಿದ ಮೇಲೆ ತಾನೂ ರಾಬಿನ್ ಹುಡ್‌ನಂತೆ ಬಹಿಷ್ಕೃತ ಎಂದು ಇಟ್ಟ ಹೆಸರು. ಮರದ ಮನೆ, ಉದ್ದ 300 ಅಡಿ, ಅಗಲ ಒಂದೇ ಕೋಣೆಯಷ್ಟು. ಒಳಗೆ ನೋಡಲು ಮುಂಚೆ ಕೇಳಿ ಗೊತ್ತುಮಾಡಿಕೊಂಡಿರಬೇಕು. ತಿಳಿಯದೆ ಬಂದವರಿಗೆ ಅಂಗಳವಷ್ಟೇ. ಇಬ್ಬರು ಪತ್ನಿಯರಿಂದ ಟೈಲರರಿಗೆ 15 ಮಕ್ಕಳು. 1790ರಲ್ಲಿ ಹುಟ್ಟಿದ ಅಜ್ಜ, 1853ರಲ್ಲಿ ಹುಟ್ಟಿದ ಮಗ, 1928ರಲ್ಲಿ ಹುಟ್ಟಿದ ಮೊಮ್ಮಗ ಹ್ಯಾರಿಸನ್ ರಫಿನ್ ಟೈಲರ್. ಈ ಮನೆಯನ್ನು ದುರಸ್ತಿ ಮಾಡಿಸಿದ ಆ ಮೊಮ್ಮಗ ತೀರಿಕೊಂಡದ್ದು 2025ರ ಮೇ ತಿಂಗಳಲ್ಲಿ.

ಇನ್ನೊಂದು ದಿನವಿದ್ದರೆ ರೂಟ್ 5 ವಿಲಿಯಮ್ಸ್‌ಬರ್ಗ್ ಮುಟ್ಟುತ್ತದೆ, ಅಲ್ಲಿಂದ ಯಾರ್ಕ್‌ಟೌನ್ ಹತ್ತಿರ. 1781ರಲ್ಲಿ ಕಾರ್ನ್‌ವಾಲಿಸ್ ಸೇನೆ ವಾಷಿಂಗ್ಟನ್ನರಿಗೆ ಶರಣಾದ ಬಯಲು. ಅದೇ ಕಾರ್ನ್‌ವಾಲಿಸ್ 1792ರಲ್ಲಿ ಶ್ರೀರಂಗಪಟ್ಟಣದಲ್ಲಿ ಟಿಪ್ಪುವಿನ ಇಬ್ಬರು ಮಕ್ಕಳನ್ನು ಒತ್ತೆ ಪಡೆದವರು. ಇಲ್ಲವಾದರೆ ಇಲ್ಲಿಂದಲೇ ಐ-64, ಐ-95 ಹಿಡಿದು ವಾಪಸು. ಸಂಜೆ ನಾಲ್ಕರಿಂದ ಏಳರವರೆಗೆ ಫ್ರೆಡರಿಕ್ಸ್‌ಬರ್ಗ್ ದಾಟುವ ಆಸೆ ಬೇಡ.

ಟೈಲರ್ ಈ ಮನೆಗೆ ಮರಳಿದಾಗ ಸುತ್ತಲಿನವರೆಲ್ಲ ವಿರೋಧ ಪಕ್ಷದವರು. ಗೇಲಿ ಮಾಡಲೆಂದು 1847ರಲ್ಲಿ ಮಾಜಿ ಅಧ್ಯಕ್ಷರನ್ನು ಊರ ರಸ್ತೆಗಳ ಮೇಲ್ವಿಚಾರಕನ ಹುದ್ದೆಗೆ ನೇಮಿಸಿದರು. ಅವರು ಹುದ್ದೆ ಒಪ್ಪಿಕೊಂಡು, ಕಾನೂನಿನಲ್ಲಿದ್ದಂತೆ ರಸ್ತೆ ಕೆಲಸಕ್ಕೆ ಆಳು ಕಳಿಸಿ ಎಂದು ಅದೇ ನೆರೆಯವರಿಗೆ ಮೇಲಿಂದ ಮೇಲೆ ಕರೆ ಕಳಿಸತೊಡಗಿದರು. ಹೊಲದ ಕೆಲಸ ಕೆಟ್ಟು ನೆರೆಯವರು ಸಾಕು ಬಿಡಿ ಎಂದು ಕೇಳಿಕೊಂಡರು. ಟೈಲರ್ ಬಿಡಲಿಲ್ಲ.